ಮನಸ್ಸಿನ ಗಡಿಯಾರಕ್ಕೆ ಒಂದೇ ಮುಳ್ಳು ಸಾಲದು

ಮಾನ್ಯ ಸಂಪಾದಕರೇ,

ಮನಸ್ಸು ಕಾಲವನ್ನು ಹೇಗೆ ಅನುಭವಿಸುತ್ತದೆ ಎಂಬುದನ್ನು ಅಳೆಯಲು ‘ಮನಃಕಾಲಶಾಸ್ತ್ರ’ ಎಂಬ ಹೊಸ ವಿಜ್ಞಾನವೊಂದನ್ನು ಕಟ್ಟಬೇಕೆಂದು ಪ್ರತಿಪಾದಿಸಿ ನಿಮ್ಮ ಪುರವಣಿಯಲ್ಲಿ ಈಚೆಗೆ ಪ್ರಕಟವಾದ ಲೇಖನವನ್ನು ಆಸಕ್ತಿಯಿಂದ ಓದಿದೆ. ಇಲ್ಲದ ಶಾಸ್ತ್ರವೊಂದನ್ನು ಕಲ್ಪಿಸಿಕೊಳ್ಳುವುದರಲ್ಲಿ ತಪ್ಪೇನಿಲ್ಲ. ನನ್ನ ತಕರಾರು ಅದರ ತಳಪಾಯದ ಬಗ್ಗೆ. ಒಂದು ಸೆಕೆಂಡಿನಲ್ಲಿ ಮನಸ್ಸು ಎಷ್ಟು ‘ಕ್ಷಣ’ಗಳನ್ನು ಗ್ರಹಿಸುತ್ತದೆ ಎಂಬ ಒಂದೇ ಸಂಖ್ಯೆಯಿಂದ ಮಗುವಿನ ಮುಗಿಯದ ದಿನವನ್ನೂ, ವಯಸ್ಸಾದವರ ಓಡುವ ವರ್ಷವನ್ನೂ, ಅಪಘಾತದ ಹೊತ್ತಿನಲ್ಲಿ ನಿಂತೇಹೋದಂತೆ ತೋರುವ ಕಾಲವನ್ನೂ, ಕೊನೆಗೆ ನೊಣದ ಬದುಕನ್ನೂ ವಿವರಿಸಬಹುದೆಂಬ ಲೇಖಕರ ಮೂಲಸೂತ್ರ, ಈಗಾಗಲೇ ತಿಳಿದಿರುವ ಸಂಗತಿಗಳ ಮುಂದೆ ನಿಲ್ಲುವುದಿಲ್ಲ.

ಈ ಸೂತ್ರ ಹೊಸದೂ ಅಲ್ಲ. ಪ್ರತಿಯೊಂದು ಜೀವಿಗೂ ತನ್ನದೇ ಉದ್ದದ ಕ್ಷಣವಿದ್ದು, ಅದು ಬದಲಾದರೆ ಜಗತ್ತೇ ಬೇರೆಯಾಗಿ ಕಾಣುತ್ತದೆ ಎಂದು ಜೀವವಿಜ್ಞಾನಿ ಕಾರ್ಲ್ ಅರ್ನ್ಸ್ಟ್ ಫಾನ್ ಬೇಯರ್ 1860ರಲ್ಲಿಯೇ ಉಪನ್ಯಾಸವೊಂದರಲ್ಲಿ ವಾದಿಸಿದ್ದರು. ಮಿನುಗುವ ದೀಪವೊಂದು ಸೆಕೆಂಡಿಗೆ ಸುಮಾರು 60 ಬಾರಿ ಮಿನುಗಿದರೆ ನಮ್ಮ ಕಣ್ಣಿಗೆ ಅದು ಒಂದೇ ಸಮನಾದ ಬೆಳಕಾಗುತ್ತದೆ. ಕೆಲವು ನೊಣಗಳಿಗೆ ಈ ಮಿತಿ 200ನ್ನೂ ಮೀರುತ್ತದೆ. ನೊಣವನ್ನು ಹೊಡೆಯಲು ಹೋದ ಕೈ ಏಕೆ ಸೋಲುತ್ತದೆ ಎಂಬುದಕ್ಕೆ ಇದರಲ್ಲಿ ಒಳ್ಳೆಯ ಸುಳಿವಿದೆ. ಆದರೆ ಇದು ಕಣ್ಣಿನ ಚುರುಕಿನ ಅಳತೆ. ನೊಣಕ್ಕೆ ಒಂದು ಮಧ್ಯಾಹ್ನ ದೀರ್ಘವೆನಿಸುತ್ತದೆಯೇ, ಅದಕ್ಕೆ ಏನಾದರೂ ಅನಿಸುತ್ತದೆಯೇ ಎಂಬ ಪ್ರಶ್ನೆಯನ್ನು ಈ ಅಂಕಿ ಮುಟ್ಟುವುದೇ ಇಲ್ಲ.

ಅಪಘಾತದ ವಿಷಯದಲ್ಲಂತೂ ಸೂತ್ರ ನೇರವಾಗಿ ಸೋಲುತ್ತದೆ. ನರವಿಜ್ಞಾನಿಗಳಾದ ಚೆಸ್ ಸ್ಟೆಟ್ಸನ್, ಡೇವಿಡ್ ಈಗಲ್‌ಮನ್ ಮತ್ತು ಸಂಗಡಿಗರು 2007ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ ಸ್ವಯಂಸೇವಕರನ್ನು 31 ಮೀಟರ್ ಎತ್ತರದಿಂದ ಬೆನ್ನು ಕೆಳಗಾಗಿ ಬಲೆಗೆ ಬೀಳಿಸಲಾಯಿತು. ಬೇರೆಯವರು ಬೀಳಲು ಹಿಡಿದ ಹೊತ್ತಿಗಿಂತ ತಾವು ಬಿದ್ದ ಹೊತ್ತು ಸರಾಸರಿ ಶೇ 36ರಷ್ಟು ಹೆಚ್ಚೆಂದು ಅವರು ಅಂದಾಜಿಸಿದರು. ಆದರೆ ಬೀಳುವಾಗ ಅವರ ಮಣಿಕಟ್ಟಿನ ಮೇಲಿದ್ದ ಪುಟ್ಟ ಪರದೆಯಲ್ಲಿ ಅತಿವೇಗವಾಗಿ ಮಿನುಗುತ್ತಿದ್ದ ಅಂಕಿಗಳನ್ನು, ನೆಲದ ಮೇಲಿದ್ದಾಗಿಗಿಂತ ಹೆಚ್ಚು ಚೆನ್ನಾಗಿ ಓದಲು ಅವರಿಂದಾಗಲಿಲ್ಲ. ಅಂದರೆ ಗ್ರಹಿಕೆಯ ವೇಗ ಇದ್ದಲ್ಲೇ ಇತ್ತು, ಹಿಗ್ಗಿದ್ದು ನೆನಪಿನಲ್ಲಿ ಉಳಿದ ಅವಧಿ.

ಲೇಖಕರ ಪರವಾಗಿ ಹೇಳಬೇಕಾದದ್ದೂ ಇದೆ. 1933ರಲ್ಲಿ ಶರೀರವಿಜ್ಞಾನಿ ಹಡ್ಸನ್ ಹೋಗ್‌ಲ್ಯಾಂಡ್, ಜ್ವರದಲ್ಲಿದ್ದ ತಮ್ಮ ಪತ್ನಿ ಸೆಕೆಂಡುಗಳನ್ನು ಎಣಿಸುವ ವೇಗ ದೇಹದ ಉಷ್ಣತೆಯೊಂದಿಗೆ ಏರುವುದನ್ನು ದಾಖಲಿಸಿದರು; ದೇಹದೊಳಗೆ ರಾಸಾಯನಿಕ ಗಡಿಯಾರವೊಂದು ಇರಬಹುದೆಂಬ ಊಹೆಗೆ ಅದು ಬಲ ಕೊಟ್ಟಿತು. ಆದರೆ ಇರುವುದು ಒಂದೇ ಗಡಿಯಾರ ಎನ್ನುವವರು ಫ್ರಾನ್ಸಿನ ಭೂವಿಜ್ಞಾನಿ ಮಿಷೆಲ್ ಸೀಫ್ರ್ ಅವರ ಅನುಭವವನ್ನು ಗಮನಿಸಬೇಕು. 1962ರಲ್ಲಿ ಆಲ್ಪ್ಸ್ ಪರ್ವತದ ಗುಹೆಯೊಂದರಲ್ಲಿ ಗಡಿಯಾರವಿಲ್ಲದೆ ಎರಡು ತಿಂಗಳು ಕಳೆದ ಅವರು, ಸೆಪ್ಟೆಂಬರ್ 14ರಂದು ಅವಧಿ ಮುಗಿದಾಗ ಅಂದು ಆಗಸ್ಟ್ 20 ಎಂದು ನಂಬಿದ್ದರು. 120 ಸೆಕೆಂಡುಗಳನ್ನು ಎಣಿಸಲು ಅವರಿಗೆ ಸುಮಾರು ಐದು ನಿಮಿಷ ಹಿಡಿಯುತ್ತಿತ್ತು. ಆದರೂ ಅವರ ನಿದ್ರೆ ಮತ್ತು ಎಚ್ಚರದ ಚಕ್ರ ಸರಾಸರಿ ಇಪ್ಪತ್ತನಾಲ್ಕೂವರೆ ಗಂಟೆಯಲ್ಲೇ ಸಾಗಿತ್ತು. ಒಬ್ಬನೇ ಮನುಷ್ಯನಲ್ಲಿ ದೇಹದ ಲಯ, ಎಣಿಕೆಯ ಲಯ ಮತ್ತು ದಿನಗಳ ಲೆಕ್ಕ ಒಂದಕ್ಕೊಂದು ತಾಳೆಯಾಗದೆ ಮೂರು ದಾರಿ ಹಿಡಿದಿರುವಾಗ, ಯಾವುದನ್ನು ‘ಮನಸ್ಸಿನ ಕಾಲ’ವೆಂದು ಕರೆಯುವುದು?

ವರ್ಷಗಳು ಓಡುವ ಬಗ್ಗೆ ಲೇಖಕರು ಆಧರಿಸಿರುವ ಅನುಪಾತದ ನಿಯಮ, ಅಂದರೆ ಹತ್ತರ ಮಗುವಿಗೆ ಒಂದು ವರ್ಷ ಬದುಕಿನ ಹತ್ತನೇ ಒಂದು ಭಾಗ, ಐವತ್ತರವರಿಗೆ ಐವತ್ತನೇ ಒಂದು ಭಾಗ ಎಂಬುದು, 1877ರಷ್ಟು ಹಿಂದೆ ಫ್ರೆಂಚ್ ತತ್ತ್ವಜ್ಞಾನಿ ಪಾಲ್ ಜಾನೆ ಸೂಚಿಸಿದ್ದು. ಅದು ವಿದ್ಯಮಾನವನ್ನು ಸ್ಥೂಲವಾಗಿ ಹೇಳುತ್ತದೆಯೇ ಹೊರತು ಅದರ ಗೂಢವನ್ನು ಕಡಿಮೆ ಮಾಡುವುದಿಲ್ಲ ಎಂಬ ಅಭಿಪ್ರಾಯವನ್ನು ಮನೋವಿಜ್ಞಾನಿ ವಿಲಿಯಂ ಜೇಮ್ಸ್ 1890ರಲ್ಲೇ ವ್ಯಕ್ತಪಡಿಸಿದ್ದರು. ಅದಕ್ಕಿಂತ ಹೆಚ್ಚಿನದನ್ನು ನಾನು ಸೇರಿಸಬೇಕಾಗಿಲ್ಲ.

ಇಂಥ ಶಾಸ್ತ್ರ ಬೇಕೇ ಬೇಡವೇ ಎಂದು ಕೇಳಿದರೆ ಬೇಕು ಎಂದೇ ಹೇಳುತ್ತೇನೆ. 1796ರಲ್ಲಿ ಗ್ರೀನಿಚ್ ವೀಕ್ಷಣಾಲಯದ ಸಹಾಯಕನೊಬ್ಬ, ನಕ್ಷತ್ರವು ದೂರದರ್ಶಕದೊಳಗಿನ ತಂತಿಯನ್ನು ದಾಟಿದ ಹೊತ್ತನ್ನು ಮುಖ್ಯಸ್ಥರಿಗಿಂತ 0.8 ಸೆಕೆಂಡು ತಡವಾಗಿ ದಾಖಲಿಸಿದ್ದಕ್ಕೆ ಕೆಲಸ ಕಳೆದುಕೊಂಡ. ಅಂಥ ವ್ಯತ್ಯಾಸ ನುರಿತ ವೀಕ್ಷಕರ ನಡುವೆಯೂ ಇರುತ್ತದೆಂದು ಮುಂದೆ ಜರ್ಮನ್ ಖಗೋಳವಿಜ್ಞಾನಿ ಬೆಸೆಲ್ ಕಂಡುಕೊಂಡು, ಅದನ್ನು ಅಳೆದರು. ಅವರು ಅಳೆದದ್ದು ನಿರ್ದಿಷ್ಟವಾದ ಒಂದು ಕೆಲಸದಲ್ಲಿ ಇಬ್ಬರ ನಡುವಿನ ಅಂತರವನ್ನು ಮಾತ್ರ, ಮನಸ್ಸಿನ ಕಾಲವನ್ನೆಲ್ಲ ಅಲ್ಲ. ಲೇಖಕರು ತಮ್ಮ ಶಾಸ್ತ್ರವನ್ನು ಮುಂದುವರಿಸುವುದಾದರೆ, ಪ್ರತಿಯೊಂದು ಹೇಳಿಕೆಯೂ ಕಾಯುವಾಗಿನ ಕಾಲದ ಬಗ್ಗೆಯೋ, ನೆನೆಯುವಾಗಿನ ಕಾಲದ ಬಗ್ಗೆಯೋ, ಎಣಿಕೆಯ ಬಗ್ಗೆಯೋ ಎಂದು ಸ್ಪಷ್ಟಪಡಿಸಲಿ. ಯಾವ ಫಲಿತಾಂಶ ಬಂದರೆ ತಮ್ಮ ಸೂತ್ರವನ್ನು ಕೈಬಿಡಲು ಸಿದ್ಧ ಎಂಬುದನ್ನೂ ಮೊದಲೇ ತಿಳಿಸಲಿ.

ಇಂತಿ,
ಒಬ್ಬ ಓದುಗ