ಸಸಿ ನೆಡುವ ಮುಂಚೆ

ಚಿ. ಅನಿರುದ್ಧನಿಗೆ ದೊಡ್ಡಮ್ಮನ ಆಶೀರ್ವಾದಗಳು.

ನಿನ್ನ ಕಾಗದ ಓದಿ ತುಂಬ ಸಂತೋಷವಾಯಿತು. ಉಷ್ಣವಲಯದ ಕಾಡುಗಳನ್ನು ಮತ್ತೆ ಬೆಳೆಸುವ ಕೆಲಸಕ್ಕೆ ಸೇರುತ್ತಿದ್ದೀಯ, ವರ್ಷಕ್ಕೆ ಲಕ್ಷಗಟ್ಟಲೆ ಸಸಿ ನೆಡುವ ಯೋಜನೆ ಎಂದು ಬರೆದಿದ್ದೀಯ. ಯಾವ ಜಾತಿಯ ಮರ ಒಳ್ಳೆಯದು, ಯಾವುದು ಬೇಗ ಬೆಳೆಯುತ್ತದೆ ಎಂದು ಕೇಳಿದ್ದೀಯ. ಇಷ್ಟು ವರ್ಷ ಸಸ್ಯಶಾಸ್ತ್ರ ಪಾಠ ಮಾಡಿದವಳೆಂದು ನನ್ನನ್ನು ಕೇಳಿದ್ದು ಸರಿಯೇ. ಆದರೆ ಅದಕ್ಕಿಂತ ಮುಂಚೆ ಹೇಳಬೇಕಾದ ಮಾತಿದೆ. ನೆಡುವುದು ಈ ಕೆಲಸದಲ್ಲಿ ಕಟ್ಟಕಡೆಯ ಹೆಜ್ಜೆ ಕಣೋ. ನಿಂತಿರುವ ಕಾಡು ಬೀಳದಂತೆ ನೋಡಿಕೊಳ್ಳುವುದು ಮೊದಲನೆಯದು. ತಾನಾಗಿ ಮರಳಿ ಬರುತ್ತಿರುವ ಕಾಡಿಗೆ ಅಡ್ಡಿ ಮಾಡದಿರುವುದು ಎರಡನೆಯದು. ಯಾಕೆ ಹೀಗೆ ಹೇಳುತ್ತೇನೆಂದು ಸ್ವಲ್ಪ ವಿವರವಾಗಿಯೇ ಬರೆಯುತ್ತೇನೆ, ಸಮಾಧಾನದಿಂದ ಓದು.

ಮಳೆಯಿಂದ ಶುರು ಮಾಡುತ್ತೇನೆ. ಸಮಭಾಜಕದ ಆಸುಪಾಸಿನಲ್ಲಿ ಬಿಸಿಲು ನೆತ್ತಿಯ ಮೇಲೇ ಬೀಳುತ್ತದೆ. ತೇವ ತುಂಬಿದ ಬಿಸಿ ಗಾಳಿ ಮೇಲೇರಿ, ತಣ್ಣಗಾಗಿ, ಮಳೆ ಸುರಿಸುತ್ತದೆ. ತೇವ ಕಳೆದುಕೊಂಡ ಗಾಳಿ ಎರಡೂ ಗೋಳಾರ್ಧಗಳಲ್ಲಿ 30 ಡಿಗ್ರಿ ಅಕ್ಷಾಂಶದ ಹತ್ತಿರ ಕೆಳಗಿಳಿಯುತ್ತದೆ. ದೊಡ್ಡ ಮರುಭೂಮಿಗಳು ಆ ಭಾಗದಲ್ಲಿರುವುದು ಅದಕ್ಕೇ. ಸಮಭಾಜಕದ ಕಡೆಗೆ ಸದಾ ಬೀಸುವ ವಾಣಿಜ್ಯ ಮಾರುತಗಳನ್ನು ವಿವರಿಸಲು ಹೊರಟ ಇಂಗ್ಲೆಂಡಿನ ಜಾರ್ಜ್ ಹ್ಯಾಡ್ಲಿ 1735ರಲ್ಲಿಯೇ ಇದರ ಮೂಲ ಚಿತ್ರ ಕೊಟ್ಟಿದ್ದ. ಈ ಮಳೆಯ ಪಟ್ಟಿ ಸೂರ್ಯನ ಹಿಂದೆಯೇ ಉತ್ತರಕ್ಕೂ ದಕ್ಷಿಣಕ್ಕೂ ಸರಿದಾಡುತ್ತದೆ. ಸಮಭಾಜಕದ ಹತ್ತಿರ ವರ್ಷವಿಡೀ ಮಳೆ. ದೂರ ಹೋದಂತೆ ಒಣಗಾಲ ಉದ್ದವಾಗುತ್ತದೆ, ನಿತ್ಯಹರಿದ್ವರ್ಣದ ಜಾಗಕ್ಕೆ ಎಲೆ ಉದುರಿಸುವ ಕಾಡು ಬರುತ್ತದೆ. ಮಳೆ ಇರುವುದರಿಂದ ಕಾಡಿದೆ ಎಂದು ಪುಸ್ತಕಗಳಲ್ಲಿ ಓದುವುದು ಇದನ್ನೇ.

ಇದರ ಇನ್ನರ್ಧ ತಿಳಿದದ್ದು ತೀರ ಈಚೆಗೆ. 1970ರ ದಶಕದಲ್ಲಿ ಬ್ರೆಜಿಲ್ಲಿನ ಎನೆಯಾಸ್ ಸಲಾಟಿ ಮತ್ತು ಜೊತೆಗಾರರು ಅಟ್ಲಾಂಟಿಕ್ ಕರಾವಳಿಯಿಂದ ಅಮೆಜಾನ್ ಒಳನಾಡಿನವರೆಗೆ ಮಳೆನೀರಿನ ಮಾದರಿಗಳನ್ನು ಪರೀಕ್ಷಿಸಿದರು. ನೀರಿನಲ್ಲಿ ಸಾಧಾರಣ ಆಮ್ಲಜನಕದ ಜೊತೆಗೆ ಭಾರವಾದ ಆಮ್ಲಜನಕವೂ ಒಂದಿಷ್ಟು ಇರುತ್ತದೆ. ಮೋಡ ಮಳೆಯಾಗುವಾಗ ಈ ಭಾರದ ನೀರು ಹೆಚ್ಚಾಗಿ ಮೊದಲು ಬೀಳುತ್ತದೆ. ಹಾಗಾದರೆ ಸಮುದ್ರದಿಂದ ಒಳಕ್ಕೆ ಹೋದಂತೆ ಮಳೆನೀರಿನಲ್ಲಿ ಅದು ಕಡಿಮೆಯಾಗುತ್ತ ಹೋಗಬೇಕು. ಅಮೆಜಾನಿನಲ್ಲಿ ಅದು ಕಡಿಮೆಯಾದದ್ದು ಎಣಿಸಿದ್ದಕ್ಕಿಂತ ತೀರ ಸ್ವಲ್ಪ. ಬಿದ್ದ ನೀರನ್ನು ಬೇರುಗಳು ಹೀರಿ, ಎಲೆಗಳು ಹಾಗೆಯೇ ಗಾಳಿಗೆ ಬಿಟ್ಟು, ಅದೇ ನೀರು ಮತ್ತೆ ಮತ್ತೆ ಮಳೆಯಾಗುತ್ತಿತ್ತು. ಅಲ್ಲಿನ ಮಳೆಯ ಕಾಲುಭಾಗದಿಂದ ಅರ್ಧದವರೆಗೆ ಹೀಗೆ ನೆಲ ಮತ್ತು ಮರಗಳಿಂದಲೇ ಮೇಲೆದ್ದ ನೀರೆಂದು ಬೇರೆ ಬೇರೆ ಲೆಕ್ಕಾಚಾರಗಳು ಹೇಳುತ್ತವೆ. ಹೀಗೆ ಮೇಲೆದ್ದ ತೇವ ಆಂಡಿಸ್ ಪರ್ವತಗಳಿಗೆ ತಾಗಿ ದಕ್ಷಿಣಕ್ಕೆ ತಿರುಗಿ, ಕಾಡೇ ಇಲ್ಲದ ದೂರದ ಹೊಲಗಳಿಗೂ ಮಳೆ ಕೊಡುತ್ತದೆ. ಅಲ್ಲಿನವರು ಅದನ್ನು ಹಾರುವ ನದಿಗಳು ಎನ್ನುತ್ತಾರೆ.

ಇನ್ನೂ ಸೋಜಿಗದ ಸಂಗತಿ ಕೇಳು. ದಕ್ಷಿಣ ಅಮೆಜಾನಿನಲ್ಲಿ ಮಳೆಗಾಲ ಆರಂಭವಾಗುವುದು ಆ ಮಳೆಯ ಪಟ್ಟಿ ಬರುವುದಕ್ಕಿಂತ ಎರಡು ಮೂರು ತಿಂಗಳು ಮುಂಚೆ. ಒಣಗಾಲದ ಕೊನೆಗೆ ಮರಗಳು ಹೊಸ ಎಲೆ ಬಿಟ್ಟು ಹೊರಹಾಕುವ ತೇವವೇ ಗಾಳಿಯನ್ನು ಮೋಡ ಕಟ್ಟುವ ಹದಕ್ಕೆ ತರುತ್ತದೆ, ಸಮುದ್ರದ ಗಾಳಿ ಒಳಬರಲು ದಾರಿ ಮಾಡುತ್ತದೆ. ಒಣಗಾಲದಲ್ಲಿ ನೀರೆಲ್ಲಿಂದ ಎನ್ನುತ್ತೀಯಾ? ಪೂರ್ವ ಅಮೆಜಾನಿನಲ್ಲಿ ಗುಂಡಿ ತೋಡಿ ನೋಡಿದವರಿಗೆ 18 ಮೀಟರ್ ಆಳದಲ್ಲಿಯೂ ಮರದ ಬೇರು ಸಿಕ್ಕಿದೆ. ನಿನ್ನ ನರ್ಸರಿಯ ಮೊಣಕಾಲುದ್ದದ ಸಸಿಗೆ ಆ ಆಳ ಮುಟ್ಟಲು ಎಷ್ಟು ಕಾಲ ಬೇಕೆಂದು ಯೋಚಿಸು. ಹಳೆಯ ಮರವೊಂದನ್ನು ಕಡಿದು ಬದಲಿಗೆ ಹತ್ತು ಸಸಿ ನೆಟ್ಟರೆ ಲೆಕ್ಕ ಸರಿಹೋಯಿತು ಎನ್ನುವ ಮಾತು ಕೇಳಿದಾಗಲೆಲ್ಲ ನನಗೆ ಸಂಕಟವಾಗುತ್ತದೆ.

ಕಾಡು ಕಡಿದಂತೆ ಈ ನೀರಿನ ಸುತ್ತು ಸೊರಗುತ್ತದೆ. ಅಮೆಜಾನಿನ ಆರನೇ ಒಂದು ಭಾಗ ಈಗಾಗಲೇ ಹೋಗಿದೆ. ನಾಶ 20ರಿಂದ 25 ಪ್ರತಿಶತ ಮುಟ್ಟಿದರೆ ಪೂರ್ವ, ದಕ್ಷಿಣ ಮತ್ತು ಮಧ್ಯ ಭಾಗದ ಕಾಡು ಮರ ವಿರಳವಾದ ಹುಲ್ಲುಗಾಡಾಗಿ ಬದಲಾಗಬಹುದು ಎಂದು ವಿಜ್ಞಾನಿಗಳಾದ ಥಾಮಸ್ ಲವ್‌ಜಾಯ್ ಮತ್ತು ಕಾರ್ಲೋಸ್ ನೋಬ್ರೆ 2018ರಲ್ಲಿ ಎಚ್ಚರಿಸಿದರು. 2023ರಲ್ಲಿ ಅಮೆಜಾನ್ ನಡುವಿನ ಮನೌಸ್ ನಗರದ ಬಳಿ ರಿಯೊ ನೆಗ್ರೊ ನದಿ, 1902ರಲ್ಲಿ ಅಳತೆ ಶುರುವಾದಾಗಿನಿಂದ ಕಾಣದಷ್ಟು ಕೆಳಗಿಳಿಯಿತು. ಮರುವರ್ಷ ಅದಕ್ಕಿಂತಲೂ ಕೆಳಕ್ಕೆ ಹೋಯಿತು. ಎಲ್ ನಿನೊ (ಕೆಲವು ವರ್ಷಗಳಿಗೊಮ್ಮೆ ಪೆಸಿಫಿಕ್ ಸಾಗರ ಬಿಸಿಯೇರುವುದು), ಬಿಸಿಯೇರಿದ ಅಟ್ಲಾಂಟಿಕ್ ಎರಡಕ್ಕೂ ಅದರಲ್ಲಿ ಪಾಲಿತ್ತು, ಎಲ್ಲವನ್ನೂ ಕೊಡಲಿಯ ಮೇಲೆ ಹಾಕಬಾರದು. ಆದರೆ ಅಂಥ ವರ್ಷಗಳನ್ನು ತಾಳಿಕೊಳ್ಳುವ ಶಕ್ತಿ ಕಾಡಿಗೆ ಉಳಿದಿರಬೇಕಾದರೆ ಅದು ದೊಡ್ಡದಾಗಿ, ಒಡೆಯದೆ ನಿಂತಿರಬೇಕು.

ಇನ್ನು ಮಣ್ಣು. ಇಷ್ಟು ಹುಲುಸಾದ ಕಾಡಿನ ಕೆಳಗಿನ ಮಣ್ಣೂ ಅಷ್ಟೇ ಸಾರವಾಗಿರಬೇಕೆಂದು ಹೊಸಬರಿಗೆಲ್ಲ ಅನ್ನಿಸುತ್ತದೆ. ಬಹುಪಾಲು ಕಡೆ ಲಕ್ಷಾಂತರ ವರ್ಷಗಳ ಮಳೆ ಅದರ ಸಾರವನ್ನೆಲ್ಲ ತೊಳೆದುಬಿಟ್ಟಿರುತ್ತದೆ. ಪೋಷಕಾಂಶ ಇರುವುದು ಮರಗಳಲ್ಲಿ, ತರಗೆಲೆಯಲ್ಲಿ, ಬೇರಿಗೆ ಅಂಟಿಕೊಂಡ ಶಿಲೀಂಧ್ರದ ಎಳೆಗಳಲ್ಲಿ. ಬಿದ್ದ ಎಲೆಯನ್ನು ಅಂಗೈ ದಪ್ಪ ಎತ್ತಿ ನೋಡು: ಮೇಲಿನದು ಇಡಿಯಾಗಿರುತ್ತದೆ, ಅದರ ಕೆಳಗಿನದು ನರಗಳ ಬಲೆಯಷ್ಟೇ ಉಳಿದಿರುತ್ತದೆ, ಇನ್ನೂ ಕೆಳಗೆ ಬಿಳಿಯ ನವಿರಾದ ಎಳೆಗಳು ಕೊಳೆತ ಎಲೆಯನ್ನೂ ಸಣ್ಣ ಬೇರನ್ನೂ ಹೊಲಿದ ಹಾಗೆ ಹಿಡಿದಿರುತ್ತವೆ. ಬಿದ್ದದ್ದು ಮಣ್ಣಿಗೆ ಇಳಿದು ಹೋಗುವ ಮುಂಚೆಯೇ ಮರ ಅದನ್ನು ವಾಪಸು ಪಡೆದುಕೊಳ್ಳುತ್ತದೆ. ಸೋರಿಹೋದ ರಂಜಕಕ್ಕೆ ಒಂದಿಷ್ಟು ಪೂರೈಕೆ ಸಹಾರಾದಿಂದ ಬರುತ್ತದೆ. ಚಾಡ್ ದೇಶದ ಬೊಡೆಲೆ ತಗ್ಗಿನಂಥ ಜಾಗಗಳಿಂದ ಎದ್ದ ಧೂಳು ಸಮುದ್ರ ದಾಟಿ ಅಮೆಜಾನಿಗೆ ವರ್ಷಕ್ಕೆ ಸುಮಾರು 22,000 ಟನ್ ರಂಜಕ ತರುತ್ತದೆಂದು ಉಪಗ್ರಹದ ಅಳತೆಗಳಿಂದ ಅಂದಾಜು ಮಾಡಿದ್ದಾರೆ. ಕಾಡು ಕಡಿದು ಸುಟ್ಟರೆ ಬೂದಿಯ ಬಲದಲ್ಲಿ ಕೆಲವು ಬೆಳೆ ಬರುತ್ತವೆ, ಆಮೇಲೆ ನೆಲ ಕೈಚೆಲ್ಲುತ್ತದೆ. ಅಂಥ ನೆಲದಲ್ಲೇ ನಿನ್ನ ಸಸಿಗಳು ಬದುಕಬೇಕಾಗಿರುವುದು.

ಜಾತಿಗಳ ವಿಷಯಕ್ಕೆ ಬರುತ್ತೇನೆ. ಪನಾಮದ ಬಾರೊ ಕೊಲೊರಾಡೊ ದ್ವೀಪದಲ್ಲಿ 1980ರ ದಶಕದ ಆರಂಭದಿಂದ 50 ಹೆಕ್ಟೇರ್ ಕಾಡನ್ನು ಗುರುತು ಮಾಡಿ, ಬೆರಳು ದಪ್ಪದ ಗಿಡವನ್ನೂ ಬಿಡದೆ ಎಣಿಸುತ್ತ ಬಂದಿದ್ದಾರೆ. ಸುಮಾರು 300 ಜಾತಿ. ಮಲೇಷ್ಯಾದ ಪಾಸೊದಲ್ಲಿ ಅಷ್ಟೇ ಜಾಗದಲ್ಲಿ 800ಕ್ಕೂ ಹೆಚ್ಚು. ಮುದುಮಲೆಯ ಎಲೆಯುದುರುವ ಕಾಡಿನಲ್ಲಿ 1988ರಲ್ಲಿ ಹಾಕಿದ ಅಷ್ಟೇ ಅಳತೆಯ ತಾಕಿನಲ್ಲಿ 70ರ ಆಸುಪಾಸು. ಒಂದೇ ಕಾಡಿನಲ್ಲಿ ಇಷ್ಟೊಂದು ಜಾತಿಗಳು ಹೇಗೆ ಉಳಿದಿವೆ ಎಂಬುದಕ್ಕೆ ಪರಿಸರ ವಿಜ್ಞಾನಿಗಳಾದ ಡೇನಿಯಲ್ ಜಾನ್ಸೆನ್ 1970ರಲ್ಲಿ, ಜೋಸೆಫ್ ಕಾನೆಲ್ 1971ರಲ್ಲಿ ಬೇರೆ ಬೇರೆಯಾಗಿ ಒಂದೇ ಉತ್ತರ ಕೊಟ್ಟರು: ತಾಯಿಮರದ ಬುಡದಲ್ಲಿ ಅದೇ ಜಾತಿಯನ್ನು ತಿನ್ನುವ ಹುಳುಗಳೂ ಕಾಡುವ ರೋಗಗಳೂ ಕಾದಿರುತ್ತವೆ, ಅಲ್ಲೇ ಬಿದ್ದ ಬೀಜ ಉಳಿಯುವುದು ಕಷ್ಟ, ದೂರ ಹೋದದ್ದು ಬದುಕುತ್ತದೆ. ಆದ್ದರಿಂದ ಒಂದೇ ಜಾತಿಯ ನಡುವೆ ಬೇರೆ ಜಾತಿಗಳಿಗೆ ಜಾಗ ಸಿಗುತ್ತದೆ. ಬೇಗ ಬೆಳೆಯುತ್ತದೆಂದು ಸಾಲಾಗಿ ಆಕೇಶಿಯಾವನ್ನೋ ನೀಲಗಿರಿಯನ್ನೋ ನೆಟ್ಟವರು ಮರದ ತೋಟ ಮಾಡಿದ್ದಾರೆ; ಕಟ್ಟಿಗೆಗೆ ಅದೂ ಬೇಕು, ಆದರೆ ಅದನ್ನು ಕಾಡಿನ ಲೆಕ್ಕಕ್ಕೆ ಸೇರಿಸಲು ನೀನು ಒಪ್ಪಬೇಡ.

ಬೀಜ ದೂರ ಹೋಗಬೇಕು ಎಂದೆನಲ್ಲ, ಅದನ್ನು ಬ್ರೆಜಿಲ್ ನಟ್ ಮರದಲ್ಲಿ ನೋಡು. ಐವತ್ತು ಮೀಟರ್ ಎತ್ತರದ, ನೂರಾರು ವರ್ಷ ಬಾಳುವ ಮರ. ಅದರ ಹೂವಿನ ಮೇಲೆ ಬಿಗಿಯಾದ ಮುಚ್ಚಳವಿರುತ್ತದೆ. ಅದನ್ನು ಎತ್ತಿ ಒಳಹೋಗುವ ಶಕ್ತಿ ಇರುವುದು ದೊಡ್ಡ ದುಂಬಿಗಳಿಗೆ ಮಾತ್ರ. ಕಾಯಿ ಬಲಿಯಲು ಒಂದು ವರ್ಷಕ್ಕಿಂತ ಹೆಚ್ಚು ಬೇಕು. ಎರಡು ಕಿಲೊವರೆಗೆ ತೂಗುವ, ಮರದಷ್ಟೇ ಗಟ್ಟಿಯಾದ ಆ ಗುಂಡು ಕೆಳಗೆ ಬಿದ್ದರೂ ಒಡೆಯುವುದಿಲ್ಲ. ಅಗೂಟಿ ಎಂಬ, ಮೊಲದಷ್ಟು ದೊಡ್ಡ ದಂಶಕ ಬಂದು ಹಲ್ಲಿನಿಂದ ಕೊರೆದು ತೆಗೆಯಬೇಕು. ಒಳಗಿನ ಹತ್ತಿಪ್ಪತ್ತು ಬೀಜಗಳಲ್ಲಿ ಕೆಲವನ್ನು ತಿಂದು, ಉಳಿದದ್ದನ್ನು ಅಲ್ಲಲ್ಲಿ ಹೂತಿಡುತ್ತದೆ. ಅದು ಮರೆತ ಬೀಜ ಮುಂದಿನ ಮರ. ದುಂಬಿ ಹೋದರೆ ಕಾಯಿಲ್ಲ, ಅಗೂಟಿ ಹೋದರೆ ಮೊಳಕೆಯಿಲ್ಲ. ಮರ ಮಾತ್ರ ಇನ್ನೂ ಶತಮಾನಗಳ ಕಾಲ ನಿಂತೇ ಇರುತ್ತದೆ, ದೂರದಿಂದ ನೋಡಿದವರಿಗೆ ಎಲ್ಲವೂ ಚೆನ್ನಾಗಿರುವಂತೆ ಕಾಣುತ್ತದೆ. ತಲೆಮಾರುಗಳಿಂದ ಅತಿಯಾಗಿ ಕಾಯಿ ಆರಿಸಿದ ಕಾಡುಗಳಲ್ಲಿ ಈ ಜಾತಿಯ ಎಳೆಯ ಮರಗಳೇ ಕಾಣುವುದಿಲ್ಲವೆಂದು 2003ರಲ್ಲಿ ಪ್ರಕಟವಾದ ಅಧ್ಯಯನ ತೋರಿಸಿತು. ಬೇಟೆಯಿಂದ ಪ್ರಾಣಿಗಳು ಖಾಲಿಯಾದ ಕಾಡನ್ನು ಕೆಂಟ್ ರೆಡ್‌ಫರ್ಡ್ 1992ರಲ್ಲಿಯೇ ಬರಿದಾದ ಕಾಡು ಎಂದು ಕರೆದರು. ನೀನು ಹೋದ ಕಡೆ ಮೊದಲು ಮರ ನೋಡಬೇಡ. ಬುಡದಲ್ಲಿ ಯಾವ ಜಾತಿಯ ಮೊಳಕೆಗಳಿವೆ, ಯಾವುದರದು ಇಲ್ಲ, ಅದನ್ನು ಬರೆದುಕೋ. ಮಂಗಟ್ಟೆಯೋ ಟೂಕನ್ನೋ ಆನೆಯೋ, ದೊಡ್ಡ ಬೀಜ ನುಂಗಿ ಸಾಗಿಸುವವರು ಯಾರು ಉಳಿದಿದ್ದಾರೆಂದು ವಿಚಾರಿಸು.

ಭಯಪಡಿಸಲು ಇದನ್ನೆಲ್ಲ ಬರೆಯುತ್ತಿಲ್ಲ ಮಗು. ಬಿಟ್ಟುಕೊಟ್ಟರೆ ಕಾಡು ಮರಳುತ್ತದೆ, ನಾವು ಎಣಿಸಿದ್ದಕ್ಕಿಂತ ಬೇಗ ಮರಳುತ್ತದೆ. ಪಾಳುಬಿಟ್ಟ ಹೊಲಗಳಲ್ಲಿ ತಾನಾಗಿ ಬೆಳೆದ ಉಷ್ಣವಲಯದ ಕಾಡುಗಳನ್ನು ಹೋಲಿಸಿ ನೋಡಿದ 2021ರ ದೊಡ್ಡ ಅಧ್ಯಯನದ ಪ್ರಕಾರ, ಮಣ್ಣು ಹತ್ತು ವರ್ಷದೊಳಗೆ ಚೇತರಿಸಿಕೊಳ್ಳುತ್ತದೆ. 20 ವರ್ಷಕ್ಕೆ ಸರಾಸರಿಯಲ್ಲಿ ಹಳೆಯ ಕಾಡಿನ ಗುಣಗಳ 78 ಪ್ರತಿಶತ ಹಿಂದಿರುಗಿರುತ್ತದೆ. ಹಳೆಯ ಜಾತಿಗಳ ಪೂರ್ತಿ ಕೂಟಕ್ಕೆ, ಮರದ ಒಟ್ಟು ತೂಕಕ್ಕೆ ಮಾತ್ರ ನೂರಿಪ್ಪತ್ತು ವರ್ಷಕ್ಕೂ ಹೆಚ್ಚು ಬೇಕು. ಕೋಸ್ಟರಿಕಾದ ಗ್ವಾನಕಾಸ್ಟೆಯಲ್ಲಿ ಅದೇ ಜಾನ್ಸೆನ್ ಮತ್ತು ಅವರ ಪತ್ನಿ ವಿನಿ ಹಾಲ್ವಾಕ್ಸ್ 1990ರ ದಶಕದಲ್ಲಿ ಹಣ್ಣಿನ ರಸದ ಕಾರ್ಖಾನೆಯೊಂದರ ಸುಮಾರು 12,000 ಟನ್ ಕಿತ್ತಳೆ ಸಿಪ್ಪೆಯನ್ನು ಸವೆದ ಹುಲ್ಲುಗಾವಲಿನ ಮೂರು ಹೆಕ್ಟೇರಿಗೆ ಸುರಿಯುವಂತೆ ಮಾಡಿದರು. ಸಿಪ್ಪೆಯ ರಾಶಿ ಹೊರಗಿನಿಂದ ಬಂದ ಹುಲ್ಲನ್ನು ಉಸಿರುಕಟ್ಟಿಸಿತು, ಕೊಳೆತು ಮಣ್ಣಾಯಿತು. 2013ರಲ್ಲಿ ಹೋಗಿ ನೋಡಿದವರಿಗೆ ಬಳ್ಳಿ ಹೆಣೆದ ಕಾಡು ಎದುರಾಯಿತು. ನೆಲದ ಮೇಲಿನ ಸಸ್ಯರಾಶಿ ಪಕ್ಕದ ಜಾಗಕ್ಕಿಂತ 176 ಪ್ರತಿಶತ ಹೆಚ್ಚು. ಅಲ್ಲಿಗೆ ಯಾರೂ ಸಸಿ ನೆಟ್ಟಿರಲಿಲ್ಲ.

ಇಂಥ ಮರಳುವಿಕೆಗೆ ಬೇಕಾದದ್ದು ಇಷ್ಟು: ಹತ್ತಿರದಲ್ಲಿ ಬೀಜ ಕೊಡುವ ಹಳೆಯ ಕಾಡು, ಬೀಜ ತರುವ ಹಕ್ಕಿ ಬಾವಲಿಗಳು, ಬೆಂಕಿಯಿಂದಲೂ ದನಗಳಿಂದಲೂ ಕಾವಲು. ಇವು ಇರುವಲ್ಲಿ ನಿನ್ನ ಹಣವನ್ನೆಲ್ಲ ಬೇಲಿಗೆ, ಬೆಂಕಿರೇಖೆಗೆ, ಕಾವಲುಗಾರರ ಸಂಬಳಕ್ಕೆ ಹಾಕು. ಬೀಜದ ಮೂಲ ತೀರ ದೂರವಿರುವಲ್ಲಿ, ಎರಡು ಕಾಡಿನ ತುಂಡುಗಳನ್ನು ಜೋಡಿಸಬೇಕಾದಲ್ಲಿ, ಬಿಸಿಗಾಳಿ ನುಗ್ಗಿ ದೊಡ್ಡ ಮರಗಳು ಸಾಯುತ್ತಿರುವ ಕಾಡಿನ ಅಂಚಿನಲ್ಲಿ ನೆಡು. ಅಲ್ಲೂ ಇಡೀ ಬಯಲಿಗೆ ಸಾಲು ಹಾಕದೆ ಗುಂಪುಗುಂಪಾಗಿ ನೆಡು. ಹಕ್ಕಿಗಳು ಅಲ್ಲಿ ಕೂತು ಉಳಿದ ಬೀಜ ತರುತ್ತವೆ. ಅನಾದಿಯಿಂದ ಹುಲ್ಲುಗಾಡಾಗಿಯೇ ಇರುವ ನೆಲದಲ್ಲಿ ಮಾತ್ರ ಖಂಡಿತ ನೆಡಬೇಡ. ಅದಕ್ಕೆ ಅದರದೇ ಗಿಡ, ಪ್ರಾಣಿ, ಬೇರುಗಳ ಲೋಕವಿದೆ. ಅದು ಹಾಳಾದ ಕಾಡಲ್ಲ.

ಅಲ್ಲಿ ಬದುಕುತ್ತಿರುವ ಜನರನ್ನು ಕೇಳದೆ ಏನೂ ಶುರು ಮಾಡಬೇಡ. ಕಾಡಿಗೆ ಮನುಷ್ಯನೇ ಶತ್ರು ಎನ್ನುವ ಮಾತು ಸಭೆಗಳಲ್ಲಿ ಸುಲಭವಾಗಿ ಬರುತ್ತದೆ. ಅಮೆಜಾನಿನ ಆ ಬಡ ಮಣ್ಣಿನಲ್ಲೇ ಇದ್ದಿಲು, ಮೂಳೆ, ಮಡಕೆಚೂರು ಸೇರಿಸಿ ಮೂಲನಿವಾಸಿಗಳು ಎರಡು ಸಾವಿರ ವರ್ಷಗಳ ಹಿಂದೆಯೇ ಮಾಡಿದ ಕಪ್ಪು ಮಣ್ಣು ಇವತ್ತಿಗೂ ಫಲವತ್ತಾಗಿದೆ. ಯಾವ ಬೀಜ ಒಣಗಿದರೆ ಸಾಯುತ್ತದೆ, ಯಾವುದನ್ನು ಬಿದ್ದ ವಾರದಲ್ಲೇ ಮಣ್ಣಿಗೆ ಹಾಕಬೇಕು ಎಂಬುದು ಎಷ್ಟೋ ಸಲ ಪುಸ್ತಕಕ್ಕಿಂತ ಅವರಿಗೆ ಚೆನ್ನಾಗಿ ಗೊತ್ತಿರುತ್ತದೆ.

ಇನ್ನು ನಿನ್ನ ಮೇಲಿನವರ ಮಾತು. ಅವರು ವರ್ಷದ ಕೊನೆಗೆ ಎಷ್ಟು ನೆಟ್ಟಿರಿ ಎಂದು ಕೇಳುತ್ತಾರೆ, ಆ ಸಂಖ್ಯೆಯನ್ನೇ ಹಣ ಕೊಟ್ಟವರಿಗೆ ತೋರಿಸುತ್ತಾರೆ. ಕರಾರಿಗೆ ಸಹಿ ಬೀಳುವ ಮುಂಚೆಯೇ ಎರಡು ಸಾಲು ಸೇರಿಸಲು ಹಠ ಹಿಡಿ: ಐದನೇ ವರ್ಷ ಎಷ್ಟು ಸಸಿ ಜೀವಂತವಾಗಿವೆ, ನೆಡದೆಯೇ ಹುಟ್ಟಿದ ಜಾತಿಗಳೆಷ್ಟು, ಇವೆರಡನ್ನೂ ಎಣಿಸಿ ಬರೆಯಬೇಕು. ಎಣಿಸುವವರ ಸಂಬಳವನ್ನೂ ಆ ಐದು ವರ್ಷಕ್ಕೆ ಈಗಲೇ ತೆಗೆದಿಡಿಸು. ಆಮೇಲೆ ಕೇಳಿದರೆ ಸಿಗುವುದಿಲ್ಲ.

ಇಂತಿ ನಿನ್ನ ಪ್ರೀತಿಯ
ದೊಡ್ಡಮ್ಮ