ಕಟಕಟೆಯಲ್ಲಿ ನಿಂತವನಿಗೆ ಕೋರ್ಟು ಅರ್ಥವಾಗಬೇಕು

ಸಂಪಾದಕರೇ, ನಮಸ್ಕಾರ.

ರಾಜಕೀಯದಲ್ಲಿ ಇದ್ದವರು ನ್ಯಾಯಾಧೀಶರಾಗಬಹುದಾ ಅನ್ನುವ ಚರ್ಚೆ ನಿಮ್ಮ ವಾಚಕರ ಅಂಕಣದಲ್ಲಿ ನಡೆಯುತ್ತಿದೆ. ಬಂದ ಪತ್ರಗಳಲ್ಲಿ ಜಾಸ್ತಿ 'ಆಗಲೇಬಾರದು' ಅನ್ನುವವೇ. ನಾನು ಮುಂಬಯಿಯ ಕೆಳಗಿನ ಕೋರ್ಟುಗಳಲ್ಲಿ ವಕೀಲಿ ಮಾಡುವವನು. ಸುಮ್ನೆ ವಾದಕ್ಕೆ ವಾದ ಬೇಡ, ಒಬ್ಬ ಮನುಷ್ಯನ ಬದುಕನ್ನೇ ಓದುಗರ ಮುಂದೆ ಇಡೋಣ ಅನ್ನಿಸಿ ಬರೆಯುತ್ತಿದ್ದೇನೆ. ಅವರು ಕೆನಡಾದ ರಾಯ್ ಮ್ಯಾಕ್‌ಮರ್ಟ್ರಿ. ವಕೀಲರು, ಮಂತ್ರಿ, ಲಂಡನ್ನಿನಲ್ಲಿ ತಮ್ಮ ದೇಶದ ಹೈಕಮಿಷನರ್, ಕೊನೆಗೆ ಒಂಟಾರಿಯೊ ಪ್ರಾಂತದ ಮುಖ್ಯ ನ್ಯಾಯಮೂರ್ತಿ. 2024ರ ಮಾರ್ಚಿನಲ್ಲಿ, 91ನೇ ವಯಸ್ಸಿನಲ್ಲಿ ತೀರಿಕೊಂಡರು. ಮುಂಬಯಿ ಕನ್ನಡಿಗರಾದ ನಮಗೆ ಅವರ ಬದುಕಿನಿಂದ ತೆಗೆದುಕೊಳ್ಳಬೇಕಾದ್ದು ಇನ್ನೂ ಒಂದಿದೆ: ಕೋರ್ಟಿನ ಭಾಷೆ ಬಾರದವನಿಗೂ ಕೋರ್ಟು ಅರ್ಥವಾಗಬೇಕು ಅನ್ನುವುದು. ಅದಕ್ಕೇ ಈ ಪತ್ರ ಸ್ವಲ್ಪ ಉದ್ದವಾಗುತ್ತದೆ, ದಯವಿಟ್ಟು ಕತ್ತರಿಸಬೇಡಿ.

ಅವರು ಹುಟ್ಟಿದ್ದು 1932ರಲ್ಲಿ, ಟೊರಾಂಟೊದಲ್ಲಿ. ಅಪ್ಪನೂ ವಕೀಲರೇ. ಆದರೆ ಓದುವ ದಿನಗಳಲ್ಲಿ ಫ್ರಾಂಟಿಯರ್ ಕಾಲೇಜ್ ಅನ್ನುವ ಸಂಸ್ಥೆಯ ಮೂಲಕ ಅವರು ಕೂಲಿಕಾರರ ಜೊತೆ ಕೂಲಿ ಮಾಡಿದರು. 1899ರಲ್ಲಿ ಶುರುವಾದ ಈ ಸಂಸ್ಥೆಯ ಪದ್ಧತಿ ಆಗ ಬಹಳ ಸರಳವಾಗಿತ್ತು. ಪಾಠ ಹೇಳುವವನು ಹಗಲಲ್ಲಿ ರೈಲು ಹಳಿ, ಗಣಿ, ಮರ ಕಡಿಯುವ ಕ್ಯಾಂಪುಗಳಲ್ಲಿ ಉಳಿದವರಂತೆಯೇ ಮೈಮುರಿದು ದುಡಿಯಬೇಕು, ರಾತ್ರಿ ಊಟವಾದ ಮೇಲೆ ಅದೇ ಜನರನ್ನು ಕೂರಿಸಿಕೊಂಡು ಓದು ಬರಹ ಕಲಿಸಬೇಕಿತ್ತು. ಬೇರೆ ದೇಶದಿಂದ ಹೊಟ್ಟೆಪಾಡಿಗೆ ಬಂದು, ಇಂಗ್ಲಿಷ್ ಬಾರದೆ ಒದ್ದಾಡುವ ಕೂಲಿಗಳು ಅಲ್ಲಿ ಬಹಳ ಜನ ಇದ್ದರು.

ಇದನ್ನು ಓದಿದಾಗ ಮುಂಬಯಿ ಫೋರ್ಟಿನ ನಮ್ಮ ಕನ್ನಡ ರಾತ್ರಿ ಶಾಲೆಗಳು ನೆನಪಾಗದೆ ಇರುತ್ತವಾ? ಉಡುಪಿ, ಕುಂದಾಪುರ ಕಡೆಯಿಂದ ಬಂದ ಹುಡುಗರು ಹಗಲೆಲ್ಲ ಹೋಟೆಲಿನಲ್ಲಿ ಟೇಬಲ್ ಒರೆಸಿ, ಲೋಟ ತೊಳೆದು, ಸಂಜೆ ಕೈ ಒರೆಸಿಕೊಂಡು ಬೆಂಚಿನ ಮೇಲೆ ಬಂದು ಕೂರುತ್ತಿದ್ದರು. ಹಾಗೆ ಓದಿ ಮೇಲೆ ಬಂದ ವಕೀಲರು, ಬ್ಯಾಂಕಿನವರು, ಉದ್ಯಮಿಗಳು ಈ ಊರಿನಲ್ಲಿ ಎಷ್ಟೋ ಜನ ಇದ್ದಾರೆ. ಭಾಷೆ ಬಾರದ ಊರಿನಲ್ಲಿ ಬಡವನ ಪಾಡು ಏನು ಅಂತ ನಮಗೆ ಯಾರೂ ಹೇಳಿಕೊಡಬೇಕಾಗಿಲ್ಲ.

ಮ್ಯಾಕ್‌ಮರ್ಟ್ರಿ 1958ರಲ್ಲಿ ವಕೀಲರಾದರು. ಕಾಲೇಜಿನ ಫುಟ್‌ಬಾಲ್ ತಂಡದಲ್ಲಿ ಜೊತೆಗಾರರಾಗಿದ್ದ ಬಿಲ್ ಡೇವಿಸ್ ಮುಂದೆ ಒಂಟಾರಿಯೊದ ಪ್ರೀಮಿಯರ್ ಆದರು, ಅಂದರೆ ನಮ್ಮ ಮುಖ್ಯಮಂತ್ರಿ ಇದ್ದ ಹಾಗೆ. ಆ ಗೆಳೆತನ ಇವರನ್ನು ರಾಜಕೀಯಕ್ಕೆ ಎಳೆಯಿತು. 1973ರ ಉಪಚುನಾವಣೆಯಲ್ಲಿ ಸೋತರು, 1975ರಲ್ಲಿ ಗೆದ್ದರು, ಗೆದ್ದ ಕೂಡಲೇ ಅಟಾರ್ನಿ ಜನರಲ್ ಆದರು. ಅಲ್ಲಿ ಅಟಾರ್ನಿ ಜನರಲ್ ಅಂದರೆ ಸಂಪುಟದ ಮಂತ್ರಿ, ಕೋರ್ಟುಗಳ ಆಡಳಿತವೆಲ್ಲ ಅವರ ಕೈಯಲ್ಲಿ. 1985ರವರೆಗೆ ಆ ಕುರ್ಚಿಯಲ್ಲಿ ಇದ್ದರು.

ಒಂಟಾರಿಯೊದಲ್ಲಿ ತಲೆತಲಾಂತರದಿಂದ ಫ್ರೆಂಚ್ ಮಾತಾಡುವ ಜನ ಇದ್ದಾರೆ. ಆದರೆ ಆಗ ಕೋರ್ಟು ಮಾತ್ರ ಇಂಗ್ಲಿಷಿನಲ್ಲಿ ನಡೆಯುತ್ತಿತ್ತು. ಇವರು ಬಂದ ಮೇಲೆ 1976ರಲ್ಲಿ ಸಡ್ಬರಿ ಅನ್ನುವ ಗಣಿ ಊರಿನಲ್ಲಿ ಫ್ರೆಂಚಿನಲ್ಲಿ ಕ್ರಿಮಿನಲ್ ವಿಚಾರಣೆ ನಡೆಸುವ ಪ್ರಯೋಗ ಶುರುವಾಯಿತು. ಮೊದಲು ಒಂದು ಊರು, ಆಮೇಲೆ ಬೇರೆ ಊರುಗಳು. ಹೀಗೆ ಹಂತ ಹಂತವಾಗಿ ಹೋಗಿದ್ದೇ ಸರಿ ಅನ್ನುತ್ತೇನೆ ನಾನು. ಕೋರ್ಟು ನಡೆಯುವುದು ಬರೀ ಕಾಯ್ದೆಯಿಂದಲ್ಲವಲ್ಲ. ಆ ಭಾಷೆ ಬಲ್ಲ ನ್ಯಾಯಾಧೀಶ ಬೇಕು, ಸರ್ಕಾರಿ ವಕೀಲ ಬೇಕು, ಹೇಳಿಕೆ ಬರೆದುಕೊಳ್ಳುವವನು ಬೇಕು, ಬಾಗಿಲಲ್ಲಿ ಹೆಸರು ಕೂಗುವವನೂ ಬೇಕು. ಇವರನ್ನೆಲ್ಲ ತಯಾರು ಮಾಡದೆ ಘೋಷಣೆ ಮಾಡಿದರೆ ಅದು ಕಾಗದದಲ್ಲೇ ಉಳಿಯುತ್ತದೆ. ಕೊನೆಗೆ 1984ರ ಕೋರ್ಟುಗಳ ಕಾಯ್ದೆ ಇಂಗ್ಲಿಷ್, ಫ್ರೆಂಚ್ ಎರಡೂ ಒಂಟಾರಿಯೊ ಕೋರ್ಟುಗಳ ಅಧಿಕೃತ ಭಾಷೆ ಅಂತ ಸಾರಿತು.

ಇದರ ನಡುವೆ 1981ರ ನವೆಂಬರ್. ರಾಜಧಾನಿ ಒಟ್ಟಾವದಲ್ಲಿ ಕೇಂದ್ರಕ್ಕೂ ಪ್ರಾಂತಗಳಿಗೂ ನಡೆದಿದ್ದ ಹೊಸ ಸಂವಿಧಾನದ ಮಾತುಕತೆ ಮುರಿದು ಬೀಳುವ ಹಂತಕ್ಕೆ ಬಂದಿತ್ತು. ಹಳೆಯ ರೈಲು ನಿಲ್ದಾಣವನ್ನೇ ಸಭಾಭವನ ಮಾಡಿದ್ದ ಕಟ್ಟಡ ಅದು. ಅಲ್ಲಿನ ಒಂದು ಅಡುಗೆಮನೆಯಲ್ಲಿ ಕೇಂದ್ರದ ಕಾನೂನು ಮಂತ್ರಿ ಜಾನ್ ಕ್ರೆಟಿಯೆನ್, ಸಸ್ಕಾಚೆವಾನ್ ಪ್ರಾಂತದ ಮಂತ್ರಿ ರಾಯ್ ರೊಮಾನೊ, ನಮ್ಮ ಮ್ಯಾಕ್‌ಮರ್ಟ್ರಿ, ಮೂವರೂ ಸೇರಿ ಕೈಬರಹದ ಟಿಪ್ಪಣಿಗಳ ಮೇಲೆ ಒಪ್ಪಂದದ ದಾರಿ ಹುಡುಕಿದರು. ಫ್ರೆಂಚ್ ಜನರೇ ಹೆಚ್ಚಿರುವ ಕ್ವಿಬೆಕ್ ಪ್ರಾಂತದ ಪ್ರೀಮಿಯರ್ ರೆನೆ ಲೆವೆಕ್ ಆ ಒಪ್ಪಂದದ ಹೊರಗೆ ಉಳಿದರು. ಆ ನೋವು ಕ್ವಿಬೆಕ್ಕಿಗೆ ಇವತ್ತಿಗೂ ಇದೆ. ತನ್ನ ಪ್ರಾಂತದ ಫ್ರೆಂಚ್ ಜನರಿಗಾಗಿ ಇಷ್ಟು ದುಡಿದವರೇ ಈ ಒಪ್ಪಂದದಲ್ಲಿ ಇದ್ದರು ಅನ್ನುವುದನ್ನೂ ಹೇಳಬೇಕು, ಮುಚ್ಚಿಡಬಾರದು. ಆದರೆ ಅದರಿಂದಲೇ 1982ರಲ್ಲಿ ಕೆನಡಾಕ್ಕೆ ಹಕ್ಕುಗಳ ಸನ್ನದು ಸಿಕ್ಕಿತು. ಅದರ 14ನೇ ಕಲಮು ನನಗೆ ಬಹಳ ಇಷ್ಟ. ಕೋರ್ಟಿನ ಭಾಷೆ ಬಾರದ ಕಕ್ಷಿದಾರನಿಗೂ ಸಾಕ್ಷಿಗೂ, ಕಿವಿ ಕೇಳದವನಿಗೂ ದುಭಾಷಿಯ ನೆರವು ಪಡೆಯುವ ಹಕ್ಕು ಇದೆ. ಅಷ್ಟೇ, ಚಿಕ್ಕ ಕಲಮು.

ಆ ಚಿಕ್ಕ ಕಲಮಿನ ಶಕ್ತಿ ನೋಡಿ. 1994ರಲ್ಲಿ ಟ್ರಾನ್ ಅನ್ನುವವರ ಕೇಸು ಕೆನಡಾದ ಸುಪ್ರೀಂ ಕೋರ್ಟಿಗೆ ಬಂತು. ಆರೋಪಿ ವಿಯೆಟ್ನಾಮಿ ಮಾತಾಡುವವನು. ವಿಚಾರಣೆ ವೇಳೆ ದುಭಾಷಿಯಾಗಿದ್ದವನೇ ಸಾಕ್ಷಿಯಾಗಿಯೂ ನಿಂತ. ತಾನು ನುಡಿದ ಸಾಕ್ಷಿಯನ್ನು ಆರೋಪಿಗೆ ಅವನ ಭಾಷೆಯಲ್ಲಿ ಪೂರ್ತಿ ಹೇಳದೆ ನಾಲ್ಕು ಮಾತಲ್ಲಿ ಸಾರಾಂಶ ಹೇಳಿ ಮುಗಿಸಿದ. ಆಗಿದ್ದು ಇಷ್ಟೇ. ಆದರೆ ಸುಪ್ರೀಂ ಕೋರ್ಟು ಶಿಕ್ಷೆ ರದ್ದು ಮಾಡಿ ಮತ್ತೆ ವಿಚಾರಣೆ ನಡೆಸಿ ಅಂದಿತು. ದುಭಾಷಿಯ ಕೆಲಸ ತಡೆಯಿಲ್ಲದೆ, ತಪ್ಪಿಲ್ಲದೆ, ಪಕ್ಷಪಾತವಿಲ್ಲದೆ, ಆಗಿಂದಾಗ್ಗೆ ನಡೆಯಬೇಕು, ಮಾಡುವವನಿಗೆ ಆ ಕೆಲಸ ಬರಬೇಕು ಅಂತ ಅಳತೆಗೋಲು ಹಾಕಿಕೊಟ್ಟಿತು.

ಈಗ ಇಲ್ಲಿಗೆ ಬರೋಣ. ಉಪನಗರದ ಒಂದು ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲಿ ನನ್ನ ಕೇಸಿಗೆ ಕಾಯುತ್ತಾ ಕೂತಿದ್ದೆ. ಯಾದಗಿರಿ ಕಡೆಯ ಒಬ್ಬ ಹುಡುಗ ಕಟಕಟೆಗೆ ಬಂದ. ರಸ್ತೆ ಅಗೆಯುವ ಕೆಲಸದವನು, ಚಪ್ಪಲಿಯ ತುಂಬ ಒಣಗಿದ ಸಿಮೆಂಟು. ಯಾವುದೋ ಹೊಡೆದಾಟದ ಕೇಸು. ಆರೋಪವನ್ನು ಮರಾಠಿಯಲ್ಲಿ ಓದಿದರು, 'ಗುನ್ಹಾ ಕಬೂಲ್ ಆಹೇ ಕಾ', ಅಂದರೆ ತಪ್ಪು ಒಪ್ಪುತ್ತೀಯಾ, ಅಂತ ಕೇಳಿದರು. ಅವನು ಪಕ್ಕದಲ್ಲಿದ್ದ ಹವಾಲ್ದಾರನ ಮುಖ ನೋಡಿದ, ಹವಾಲ್ದಾರ ಹಿಂದಿಯಲ್ಲಿ ಏನೋ ಗೊಣಗಿದ, ಹುಡುಗ ತಲೆ ಆಡಿಸಿಬಿಟ್ಟ. ತಿರುಗುವಾಗ ನನ್ನ ಕೈಯಲ್ಲಿದ್ದ ಕನ್ನಡ ಪೇಪರು ಕಂಡಿತೋ ಏನೋ, ಮೆಲ್ಲಗೆ ಕೇಳಿದ: "ಸಾಹೇಬ್ರು ಏನಂದ್ರುರೀ? ನಾ ಹ್ಞೂಂ ಅಂದೀನಿ." ನಾನು ಎದ್ದು ನಿಂತು ಮ್ಯಾಜಿಸ್ಟ್ರೇಟರಿಗೆ ವಿಷಯ ಹೇಳಿದೆ. ಅವರು ಒಳ್ಳೆಯವರು. ಬರೆಯುವುದನ್ನು ನಿಲ್ಲಿಸಿ, ನನ್ನಿಂದ ಕನ್ನಡದಲ್ಲಿ ಹೇಳಿಸಿ ಮತ್ತೆ ಕೇಳಿದರು. ಹುಡುಗ 'ಇಲ್ರೀ, ನಾ ಹೊಡದಿಲ್ಲ' ಅಂದ. ಅವತ್ತು ನಾನು ಅಲ್ಲಿ ಕೂತಿದ್ದು ಅವನ ಅದೃಷ್ಟ. ಕೋರ್ಟಿನಲ್ಲಿ ಬಡವನ ಗತಿ ಅದೃಷ್ಟದ ಮೇಲೆ ನಿಲ್ಲಬಾರದು.

ನಮ್ಮ ಕಾನೂನಿನಲ್ಲಿ ಇದಕ್ಕೆ ದಾರಿ ಇಲ್ಲ ಅಂತಲ್ಲ. ಆರೋಪಿಗೆ ಬಾರದ ಭಾಷೆಯಲ್ಲಿ ಸಾಕ್ಷಿ ನುಡಿದರೆ, ಅದನ್ನು ತೆರೆದ ಕೋರ್ಟಿನಲ್ಲೇ ಅವನಿಗೆ ತಿಳಿಯುವ ಭಾಷೆಯಲ್ಲಿ ಹೇಳಬೇಕು ಅಂತ ಕ್ರಿಮಿನಲ್ ಕೇಸು ನಡೆಸುವ ಕ್ರಮ ಹೇಳುತ್ತಿದ್ದ ಹಳೆಯ ಸಿಆರ್‌ಪಿಸಿ ಕಾಯ್ದೆಯ 279ನೇ ಕಲಮಿನಲ್ಲೇ ಇತ್ತು. ಅದರ ಜಾಗಕ್ಕೆ 2024ರ ಜುಲೈಯಲ್ಲಿ ಬಂದ ಹೊಸ ನಾಗರಿಕ ಸುರಕ್ಷಾ ಸಂಹಿತೆಯಲ್ಲೂ ಅದು ಉಳಿದಿದೆ. ಹೇಳುವವರು ಯಾರು ಅನ್ನುವುದೇ ಪ್ರಶ್ನೆ. ನಾನು ಓಡಾಡುವ ಕೋರ್ಟುಗಳಲ್ಲಿ ಹವಾಲ್ದಾರ, ಪಟ್ಟೇವಾಲ, ಇಲ್ಲ ಪಕ್ಕದಲ್ಲಿ ನಿಂತ ಇನ್ನೊಬ್ಬ ಆರೋಪಿ, ಇವರೇ ದುಭಾಷಿಗಳು. ಮೊದಲು ಕರಾವಳಿಯ ಹೋಟೆಲ್ ಹುಡುಗರಿಗೆ ಬೆನ್ನಿಗೆ ಮಾಲೀಕ ಇರುತ್ತಿದ್ದ, ಊರಿನವರು ಇರುತ್ತಿದ್ದರು. ಈಗ ಕಲಬುರಗಿ, ಯಾದಗಿರಿ, ವಿಜಯಪುರದಿಂದ ಬರುವ ಕಟ್ಟಡ ಕೂಲಿಗಳಿಗೆ ಇಲ್ಲಿ ಯಾರಿದ್ದಾರೆ?

ಮುಂಬಯಿ ಕೋರ್ಟುಗಳು ಕನ್ನಡದಲ್ಲಿ ನಡೆಯಲಿ ಅಂತ ನಾನು ಕೇಳುತ್ತಿಲ್ಲ. ಇದು ಮಹಾರಾಷ್ಟ್ರ, ಇಲ್ಲಿ ಮರಾಠಿ ಇರುವುದು ನ್ಯಾಯವೇ. ಒಂಟಾರಿಯೊದ ಫ್ರೆಂಚರ ಸ್ಥಾನವೇ ಬೇರೆ, ನಮ್ಮದೇ ಬೇರೆ. ಕೇಳುವುದು ದುಭಾಷಿಯನ್ನು ಮಾತ್ರ. ಬೆಳಗಾವಿಯ ಕೋರ್ಟಿನಲ್ಲಿ ಕನ್ನಡ ತಿಳಿಯದೆ ನಿಲ್ಲುವ ಮರಾಠಿ ರೈತನಿಗೂ ಇದು ಸಿಗಬೇಕು. ಅದನ್ನು ಒಪ್ಪದೆ ಇದನ್ನು ಕೇಳುವ ಮುಖ ನಮಗಿಲ್ಲ.

ಮತ್ತೆ ರಾಜಕೀಯದ ಪ್ರಶ್ನೆ. ಮ್ಯಾಕ್‌ಮರ್ಟ್ರಿ 1991ರಲ್ಲಿ ನ್ಯಾಯಪೀಠಕ್ಕೆ ಬಂದರು, 1996ರಿಂದ 2007ರವರೆಗೆ ಒಂಟಾರಿಯೊದ ಮುಖ್ಯ ನ್ಯಾಯಮೂರ್ತಿ. ಅವರು ಮಂತ್ರಿಯಾಗಿದ್ದಾಗ, 1981ರ ಫೆಬ್ರವರಿಯಲ್ಲಿ ಟೊರಾಂಟೊ ಪೊಲೀಸರು ಸಲಿಂಗಿಗಳು ಸೇರುತ್ತಿದ್ದ ಸ್ನಾನಗೃಹಗಳ ಮೇಲೆ ದಾಳಿ ಮಾಡಿ ಸುಮಾರು 300 ಜನರನ್ನು ಹಿಡಿದರು. ಬೀದಿಯಲ್ಲಿ ದೊಡ್ಡ ಪ್ರತಿಭಟನೆಯಾಯಿತು, ಸಿಟ್ಟು ಇವರ ಮೇಲೂ ತಿರುಗಿತು. ಆ ಕಪ್ಪುಚುಕ್ಕೆ ಅವರ ಹೆಸರಿನಲ್ಲಿ ಇದೆ. 2003ರ ಜೂನ್ 10ರಂದು ಹಾಲ್ಪರ್ನ್ ಕೇಸಿನಲ್ಲಿ ಅವರಿದ್ದ ಮೂವರ ಪೀಠವೇ ಸಲಿಂಗಿಗಳ ಮದುವೆಗೆ ಕಾನೂನಿನ ಮಾನ್ಯತೆ ಕೊಟ್ಟಿತು. ಸರ್ಕಾರಕ್ಕೆ ಗಡುವು ಗಿಡುವು ಕೊಡದೆ ಆ ದಿನದಿಂದಲೇ ಜಾರಿ. ಅದೇ ದಿನ ಟೊರಾಂಟೊದಲ್ಲಿ ಮದುವೆಯೂ ನಡೆಯಿತು. ಎರಡು ವರ್ಷದಲ್ಲಿ ಇಡೀ ದೇಶಕ್ಕೆ ಕಾಯ್ದೆ ಬಂತು. 1981ರ ಮಂತ್ರಿಯನ್ನು ಮಾತ್ರ ನೋಡಿ ಈ ಮನುಷ್ಯ ಪೀಠಕ್ಕೆ ಲಾಯಕ್ಕಿಲ್ಲ ಅಂದಿದ್ದರೆ?

ನಮ್ಮವರೇ ಆದ ಕಾರ್ಕಳದ ಕವ್ಡೂರಿನ ಕೆ.ಎಸ್. ಹೆಗ್ಡೆಯವರನ್ನೂ ನೆನೆಯಬೇಕು. ಕಾಂಗ್ರೆಸ್ಸಿನಿಂದ ರಾಜ್ಯಸಭೆಗೆ ಹೋಗಿ, 1957ರಲ್ಲಿ ಮೈಸೂರು ಹೈಕೋರ್ಟಿನ ನ್ಯಾಯಾಧೀಶರಾಗಿ, ಸುಪ್ರೀಂ ಕೋರ್ಟಿಗೆ ಹೋದವರು. 1973ರ ಕೇಶವಾನಂದ ಭಾರತಿ ಕೇಸಿನಲ್ಲಿ ಸಂವಿಧಾನದ ಮೂಲ ಸ್ವರೂಪವನ್ನು ಸಂಸತ್ತೂ ಕೆಡಿಸುವ ಹಾಗಿಲ್ಲ ಅಂದ ಪಂಗಡದಲ್ಲಿ ನಿಂತರು. ಆಗ ಸರ್ಕಾರ ಯಾವ ಪಕ್ಷದ್ದು ಅಂತ ಹೇಳಬೇಕಾ? ಹಿರಿತನ ಮೀರಿ ಬೇರೆಯವರನ್ನು ಮುಖ್ಯ ನ್ಯಾಯಮೂರ್ತಿ ಮಾಡಿದಾಗ ರಾಜೀನಾಮೆ ಬಿಸಾಕಿ ಹೊರಟರು. ಹಳೆಯ ಪಕ್ಷದ ಋಣ ಹೆಗ್ಡೆಯವರ ಕೈ ಕಟ್ಟಲಿಲ್ಲ.

ಮುಂಬಯಿಯ ಕನ್ನಡ ಸಂಘಗಳಲ್ಲಿ ನನ್ನ ಕೋರಿಕೆ ಇಷ್ಟು. ವೇದಿಕೆ, ಶಾಲು, ಹಾರ ಇವೆಲ್ಲ ಇರಲಿ. ಜೊತೆಗೆ ಕನ್ನಡ, ತುಳು, ಮರಾಠಿ, ಇಂಗ್ಲಿಷ್ ಬಲ್ಲ ಜನರ ಒಂದು ಪಟ್ಟಿ ಮಾಡಿ. ನಿವೃತ್ತ ಶಿಕ್ಷಕರು, ಬ್ಯಾಂಕಿನವರು, ಲಾ ಕಾಲೇಜಿನ ಮಕ್ಕಳು ಯಾರಾದರೂ ಆಗಬಹುದು. ಕೋರ್ಟಿನಲ್ಲಿ ಮಾತನ್ನು ಇದ್ದ ಹಾಗೆ ದಾಟಿಸುವುದು ಹೇಗೆ, ಸಾರಾಂಶ ಯಾಕೆ ಹೇಳಬಾರದು, ಆರೋಪಿಗೆ ಸಲಹೆ ಯಾಕೆ ಕೊಡಬಾರದು ಅಂತ ನಾವು ಕೆಲವು ವಕೀಲರು ಕೂತು ಕಲಿಸುತ್ತೇವೆ, ಒಂದು ಪೈಸೆಯೂ ಬೇಡ. ಪಟ್ಟಿಯನ್ನು ಬಡವರಿಗೆ ಉಚಿತ ಕಾನೂನು ನೆರವು ಕೊಡುವ ಕಾನೂನು ಸೇವಾ ಪ್ರಾಧಿಕಾರಕ್ಕೂ ಮ್ಯಾಜಿಸ್ಟ್ರೇಟ್ ಕೋರ್ಟುಗಳ ಕಚೇರಿಗೂ ಕೊಡೋಣ. ಕರೆದಾಗ ಹೋಗಿ ನಿಲ್ಲುವವರು ಬೇಕು. ಮೊದಲು ಒಂದೇ ಕೋರ್ಟಿನಲ್ಲಿ ಶುರು ಮಾಡೋಣ, ಕುರ್ಲಾ ಆದರೂ ಸರಿ, ಅಂಧೇರಿ ಆದರೂ ಸರಿ. ಯಾವ ಸಂಘ ಮುಂದೆ ಬಂದರೂ ಅಲ್ಲಿಗೆ ನಾನೇ ಬರುತ್ತೇನೆ, ಪತ್ರಿಕೆಯ ಕಚೇರಿಗೆ ತಿಳಿಸಿದರೆ ಸಾಕು.

ನಿಮ್ಮ ಓದುಗ,
ಒಬ್ಬ ವಕೀಲ, ಚೆಂಬೂರು, ಮುಂಬಯಿ