ಕೆಲಸದ ಹೆಸರು ನೋಡಿ ಒಪ್ಪಬೇಡ ಕೂಸೇ

ಪ್ರೀತಿಯ ಕೂಸಿಗೆ ಸೋದರಮಾವನ ಆಶೀರ್ವಾದ.

ನೀನು ಕಳಿಸಿದ ಎರಡೂ ಜಾಹೀರಾತು ಓದಿದೆ. ಒಂದರಲ್ಲಿ ಇನ್‌ಸ್ಟ್ರಕ್ಷನಲ್ ಡಿಸೈನರ್, ಇನ್ನೊಂದರಲ್ಲಿ ಅಕಾಡೆಮಿಕ್ ಕೌನ್ಸೆಲರ್. "ಎರಡೂ ಆನ್‌ಲೈನ್ ಪಾಠದ ಕೆಲಸವೇ ಅಲ್ವಾ ಮಾವಾ, ಯಾವುದಾದರೂ ಆದೀತು" ಅಂದಿದ್ದೀಯ. ಆಗುವುದಿಲ್ಲ. ಎರಡರಲ್ಲೂ ಪಾಠ ಮಾಡುವವಳು ನೀನಲ್ಲ.

ಕೌನ್ಸೆಲರ್ ಅಂದರೆ ಬಹಳ ಕಡೆ ಕೋರ್ಸ್ ಮಾರುವ ಕೆಲಸ. ದಿನಕ್ಕೆ ಇಷ್ಟು ಫೋನ್, ತಿಂಗಳಿಗೆ ಇಷ್ಟು ಅಡ್ಮಿಷನ್ ಅಂತ ಇರುತ್ತದೆ. ಮಾರುವುದು ಕೀಳು ಅನ್ನುತ್ತಿಲ್ಲ, ಆದರೆ ನೀನು ಬಿ.ಎಡ್ ಮಾಡಿದ್ದು ಅದಕ್ಕಲ್ಲ. ಟಾರ್ಗೆಟ್ ಇದೆಯಾ ಅಂತ ನೇರವಾಗಿ ಕೇಳಿಬಿಡು.

ಡಿಸೈನರ್ ಕೆಲಸ ಬೇರೆ. ವಿಷಯ ಗೊತ್ತಿದ್ದವರು ಬರೆದುಕೊಟ್ಟಿದ್ದನ್ನು ಕಲಿಯುವವರ ತಲೆಗೆ ಹತ್ತುವ ಹಾಗೆ ಜೋಡಿಸಬೇಕು. ಅದಕ್ಕೆ ಸ್ಟೋರಿಬೋರ್ಡ್ ಬರೆಯುತ್ತಾರೆ. ಒಂದೊಂದು ಸ್ಕ್ರೀನಿನಲ್ಲಿ ಏನು ಕಾಣಬೇಕು, ಏನು ಕೇಳಬೇಕು, ಎಲ್ಲಿ ಒತ್ತಿದರೆ ಏನಾಗಬೇಕು, ತಪ್ಪು ಉತ್ತರ ಒತ್ತಿದ ಹುಡುಗನಿಗೆ ಏನು ಹೇಳಬೇಕು, ಎಲ್ಲ ಅದರಲ್ಲೇ. ಸುಮ್ನೆ 'ತಪ್ಪು' ಅಂದರೆ ಅವನು ಇನ್ನೊಂದನ್ನು ಒತ್ತುತ್ತಾನೆ, ಕಲಿಯುವುದಿಲ್ಲ. ಒಳ್ಳೆಯ ಕೆಲಸವೇ ಅದು.

ನಿವೃತ್ತಿಯಾದ ಮೇಲೆ ನಾನೂ ಒಂದು ಕಡೆ ಒಂಬತ್ತನೇ ಕ್ಲಾಸಿನ ವಿಜ್ಞಾನ ಬರೆದುಕೊಟ್ಟೆನಲ್ಲ, ಅಲ್ಲಿ ನಾನು ಎಸ್‌ಎಂಇ, ಅಂದರೆ ವಿಷಯ ತಜ್ಞ. ಡಿಸೈನರ್ ಬೇರೆ, ವಿಡಿಯೊ ಎಡಿಟರ್ ಬೇರೆ, ಎಲ್‌ಎಂಎಸ್‌ಗೆ, ಅಂದರೆ ಮಕ್ಕಳು ಪಾಠ ತೆರೆದು ನೋಡುವ ತಂತ್ರಾಂಶಕ್ಕೆ, ಏರಿಸುವವರು ಬೇರೆ. ನಾನು 'ದ್ರವ್ಯರಾಶಿ' ಅಂದಿದ್ದು ಪರದೆ ಮೇಲೆ 'ದ್ರವರಾಶಿ' ಅಂತ ಬಂತು. ಕಡೆಗೊಮ್ಮೆ ತಪ್ಪು ನೋಡುವ ಕೆಲಸವನ್ನು ಯಾರ ಪಾಲಿಗೂ ಹಾಕಿರಲಿಲ್ಲ, ನನ್ನದು ಮುಗಿಯಿತು ಅಂತ ನಾನೂ ನೋಡಲಿಲ್ಲ. ಒಬ್ಬ ಹುಡುಗಿ ನೋಟ್‌ಬುಕ್ಕಿನ ಫೋಟೊ ಕಳಿಸಿದ್ದಳು. ದುಂಡು ಅಕ್ಷರ, ಮೂರು ಕಡೆ ದ್ರವರಾಶಿ, ಕೆಳಗೆ ಸ್ಕೇಲ್ ಇಟ್ಟು ಕೆಂಪು ಗೆರೆ ಬೇರೆ. ಇವತ್ತಿಗೂ ನೆನೆದರೆ ಹೊಟ್ಟೆ ಚುರ್ ಅನ್ನುತ್ತದೆ. ನಮ್ಮ ತೋಟದಲ್ಲಿ ಅಡಿಕೆ ಗೊನೆ ಕೊಯ್ಲು ನೋಡಿದ್ದೀಯಲ್ಲ, ಮರ ಹತ್ತಿದ ಕೊನೆಗೌಡ ಮೇಲಿಂದ ಗೊನೆ ಬಿಟ್ಟಾಗ ಕೆಳಗೆ ಹಗ್ಗ ಹಿಡಿದವನ ಗಮನ ಬೇರೆ ಕಡೆ ಇದ್ದರೆ ಅಡಿಕೆ ಎಲ್ಲ ಚೆಲ್ಲಾಪಿಲ್ಲಿ.

ಅದಕ್ಕೇ ಇಂಟರ್‌ವ್ಯೂನಲ್ಲಿ ಎರಡು ಮಾತು ಕೇಳು: ಕೊನೆಗೆ ತಪ್ಪು ನೋಡುವವರು ಯಾರು, ಮಕ್ಕಳ ಪ್ರಶ್ನೆ ಯಾರ ಹತ್ತಿರ ಹೋಗುತ್ತದೆ.

ಎರಡನೇದನ್ನು ಬಿಡಲೇಬೇಡ. 2017ರಲ್ಲಿ ಶುರುವಾದ, ಕೇಂದ್ರ ಸರ್ಕಾರದ 'ಸ್ವಯಂ' ಆನ್‌ಲೈನ್ ಕೋರ್ಸುಗಳನ್ನೇ ನೋಡು, ವಿಡಿಯೊ, ಓದುವ ಪಾಠ, ತಮ್ಮನ್ನು ತಾವೇ ಪರೀಕ್ಷಿಸಿಕೊಳ್ಳುವ ಪ್ರಶ್ನೆ, ಜೊತೆಗೆ ಚರ್ಚೆಗೆ ಒಂದು ಜಾಗ, ನಾಲ್ಕೂ ಇರಬೇಕು ಅನ್ನುತ್ತಾರೆ. ವಿಡಿಯೊದಲ್ಲಿ ಪ್ರೊಫೆಸರ್ ಕಾಣುತ್ತಾರೆ, ಚರ್ಚೆಯಲ್ಲಿ ಉತ್ತರ ಕೊಡುವವರು ಎಷ್ಟೋ ಸಲ ಅವರ ಟಿಎಗಳು, ಅಂದರೆ ಬೋಧನಾ ಸಹಾಯಕರು. ಮಕ್ಕಳು ಎಲ್ಲಿ ಎಡವುತ್ತಾರೆ ಅಂತ ಮೊದಲು ಗೊತ್ತಾಗುವುದು ಅವರಿಗೇ.

ನನ್ನ ಮಾತು ಕೇಳುವುದಾದರೆ ಮೊದಲ ಎರಡು ವರ್ಷ ಟ್ಯೂಟರ್ ಆಗು. ಸಂಬಳ ಕಡಿಮೆ ಇದ್ದೀತು, ನಿನ್ನ ಅಮ್ಮ ಬೇಜಾರು ಮಾಡಿಕೊಂಡರೆ ನಾನು ಹೇಳುತ್ತೇನೆ. ದಿನಾ ಮಕ್ಕಳ ಡೌಟ್ ಕೇಳಿ ಕೇಳಿ ಆಮೇಲೆ ಡಿಸೈನರ್ ಆದರೆ ನಿನ್ನ ಸ್ಟೋರಿಬೋರ್ಡೇ ಬೇರೆ ಥರ ಇರುತ್ತದೆ. ಅಲ್ಲಿವರೆಗೆ ಮೂಡಲ್ ಅನ್ನುವ ಎಲ್‌ಎಂಎಸ್ ಕಲಿ, ಅದಕ್ಕೆ ದುಡ್ಡು ಕೊಡಬೇಕಾಗಿಲ್ಲ.

ನಿನ್ನ ಹತ್ತಿರ ಇನ್ನೊಂದು ಬಂಡವಾಳ ಇದೆ. 2020ರ ಮಳೆಗಾಲದಲ್ಲಿ ಸಿಗ್ನಲ್ ಹುಡುಕಿ ಬೇಣದ ಹುಲ್ಲುಗುಡ್ಡದ ಮೇಲೆ ಛತ್ರಿ ಹಿಡಿದು, ಕಾಲಿಗೆ ಹತ್ತಿದ ಉಂಬಳ ಕಿತ್ತು ಹಾಕುತ್ತಾ ಪಿಯು ಕ್ಲಾಸ್ ಕೇಳಿದವಳು ನೀನು. ವಿಡಿಯೊ ಚಿಕ್ಕದಿರಲಿ, ನೆಟ್ ಹೋದಾಗ ಓದೋಕೆ ಪಿಡಿಎಫ್ ಇರಲಿ ಅಂತ ಬೆಂಗಳೂರಿನ ಆಫೀಸಲ್ಲಿ ಕೂತವರಿಗೆ ಹೊಳೆಯದಿದ್ದರೆ ನೀನು ಹೇಳಬೇಕು. ಹೊಸಬಳು ಅಂತ ಸುಮ್ಮನಿರಬೇಡ.

ಬುಧವಾರ ಇಂಟರ್‌ವ್ಯೂ ಮುಗಿದ ಕೂಡಲೇ ಫೋನ್ ಮಾಡು. ಮನೆಯೊಳಗೆ ಈಗಲೂ ಸಿಗ್ನಲ್ ಸಿಗುವುದಿಲ್ಲ, ಸಂಜೆ ಐದಕ್ಕೆ ಬೇಣದ ಮೇಲೆ ಇರುತ್ತೇನೆ.

ನಿನ್ನ ಮಾವ, ಶಿರಸಿ